ಮೆತ್ತಿನಿಂದ ಪೇಟಿ ಇಳಿಸುವ ಹೊತ್ತು

ಹೊನ್ನಾವರ, ಕುಮಟಾ, ಭಟ್ಕಳ ಸೀಮೆಯ ಹಳೆಯ ಮನೆಗಳಲ್ಲಿ ಮೆತ್ತು ಹತ್ತಿ ನೋಡಿ. ಅಡಿಕೆ ಚೀಲ, ದೊಡ್ಡ ಹಂಡೆ, ಸುತ್ತಿಟ್ಟ ಚಾಪೆಗಳ ನಡುವೆ ಹಳೆ ಸೀರೆಯಲ್ಲಿ ಕಟ್ಟಿಟ್ಟ ಒಂದು ಪೆಟ್ಟಿಗೆ ಕಣ್ಣಿಗೆ ಬೀಳುವುದು ಅಪರೂಪವಲ್ಲ. ಅದು ಹಾರ್ಮೋನಿಯಂ, ನಮ್ಮ ಕಡೆಯ ಮಾತಿನಲ್ಲಿ ಪೇಟಿ. ಯಾರದ್ದು ಎಂದು ಕೇಳಿದರೆ ಮನೆಯ ಹಿರಿಯರೊಬ್ಬರು ಸಣ್ಣಗೆ ನಕ್ಕು ತಮ್ಮದೇ ಎನ್ನುತ್ತಾರೆ. ಯಾಕೆ ಬಿಟ್ಟಿರಿ ಎಂದರೆ ಉತ್ತರ ಎರಡೇ ಶಬ್ದದಲ್ಲಿ ಮುಗಿಯುತ್ತದೆ: ಎಸ್ಸೆಸ್ಸೆಲ್ಸಿ ಬಂತು, ಮದುವೆ ಆಯ್ತು, ಮುಂಬಯಿಗೆ ಹೋದೆ, ಅಪ್ಪ ತೀರಿಕೊಂಡ.

ಇಷ್ಟೊಂದು ಮನೆಗಳಲ್ಲಿ ಸಂಗೀತ ಬಿಟ್ಟವರು ಇದ್ದಾರೆಂದರೆ ಅಷ್ಟು ಮನೆಗಳಲ್ಲಿ ಅದು ಒಮ್ಮೆ ಇತ್ತು ಎಂದೇ ಅರ್ಥ. ಅದಕ್ಕೆ ಕಾರಣವೂ ಇದೆ. 1862ರಲ್ಲಿ ಉತ್ತರ ಕನ್ನಡ ಮದ್ರಾಸ್ ಪ್ರಾಂತ್ಯದಿಂದ ಮುಂಬಯಿ ಪ್ರಾಂತ್ಯಕ್ಕೆ ಸೇರಿತು. 1956ರ ರಾಜ್ಯ ಪುನರ್ವಿಂಗಡಣೆಯವರೆಗೂ ಶಾಲೆ, ಕಚೇರಿ, ವ್ಯಾಪಾರ ಎಲ್ಲದಕ್ಕೂ ನಮ್ಮವರ ಮುಖ ಮುಂಬಯಿ, ಧಾರವಾಡಗಳ ಕಡೆಗೇ ಇತ್ತು. ಕರಾವಳಿಯಲ್ಲಿ ಇದ್ದೂ ಇಲ್ಲಿ ಹಿಂದೂಸ್ತಾನಿ ಸಂಗೀತ ಬೇರೂರಿದ್ದು ಹೀಗೆ. ವಿಷ್ಣು ದಿಗಂಬರ ಪಲುಸ್ಕರರು 1901ರಲ್ಲಿ ಲಾಹೋರಿನಲ್ಲಿ ಆರಂಭಿಸಿದ ಗಾಂಧರ್ವ ಮಹಾವಿದ್ಯಾಲಯದ ಪರಂಪರೆಯ ಪರೀಕ್ಷೆಗಳಿಗೆ, ಅಂದರೆ ಪ್ರಾರಂಭಿಕ, ಪ್ರವೇಶಿಕಾ, ಮಧ್ಯಮಾಗಳಿಗೆ, ಇಂದಿಗೂ ನಮ್ಮ ಊರಿನ ಮಕ್ಕಳು ಕೂರುತ್ತಾರೆ. 1950ರಲ್ಲಿ ಶುರುವಾದ ಧಾರವಾಡ ಆಕಾಶವಾಣಿ ಮಲ್ಲಿಕಾರ್ಜುನ ಮನಸೂರ, ಗಂಗೂಬಾಯಿ ಹಾನಗಲ್, ಬಸವರಾಜ ರಾಜಗುರು ಇವರ ದನಿಯನ್ನು ಜಗುಲಿಗೇ ತಂದು ಹಾಕಿತು. ಜೊತೆಗೆ ಯಕ್ಷಗಾನ ಹೇಗೂ ಇತ್ತು. ರಾತ್ರಿ ಆಟ ನೋಡಿ ಬಂದ ಹುಡುಗ ಬೆಳಿಗ್ಗೆ ತೋಟಕ್ಕೆ ನೀರು ಬಿಡುತ್ತಾ ಭಾಗವತರ ಪದ್ಯವನ್ನೇ ಗುನುಗುತ್ತಿದ್ದ ಊರು ಇದು.

ಹಾಗೆ ಕಲಿತವರಲ್ಲಿ ಬಹುಪಾಲು ಜನ ಹತ್ತನೇ ಈಯತ್ತೆಯ ಹೊತ್ತಿಗೆ ಬಿಟ್ಟರು. ನಾನು ಬರೆಯಲು ಹೊರಟಿರುವುದು ಅವರ ಬಗ್ಗೆ. ಐವತ್ತು, ಅರವತ್ತು ದಾಟಿದ ಮೇಲೆ ಮತ್ತೆ ಹಾಡಬೇಕು, ಮತ್ತೆ ಬಾರಿಸಬೇಕು ಎಂದು ಅನ್ನಿಸಿದವರ ಬಗ್ಗೆ. ಅವರಿಗೆ ನಾನು ಹೇಳಬೇಕಾದ ಮುಖ್ಯ ಮಾತು ಇದು: ನೀವು ಬಿಟ್ಟದ್ದು ಕಂಠ ಮತ್ತು ಕೈ ಮಾತ್ರ, ಕಿವಿ ಬಿಟ್ಟಿರಲಿಲ್ಲ. ಇಷ್ಟೂ ವರ್ಷ ಅದು ತನ್ನ ಪಾಡಿಗೆ ಬೆಳೆಯುತ್ತಲೇ ಇತ್ತು. ಮರಳಿ ಬಂದಾಗ ಆಗುವ ಸಂಕಟಕ್ಕೂ ಸುಖಕ್ಕೂ ಕಾರಣ ಅದೇ.

ಇಂಥ ಆಸೆ ಚಿಗುರಿದವರು ಮೊದಲು ಮಾಡುವ ಕೆಲಸವೆಂದರೆ ಒಂಟಿ ಜಾಗ ಹುಡುಕುವುದು. ಮನೆಯಲ್ಲಿ ಹಾಡಲು ನಾಚಿಕೆ. ಸೊಸೆ ಏನೆಂದುಕೊಳ್ಳುತ್ತಾಳೋ, ಪಕ್ಕದ ಮನೆಯವರಿಗೆ ಕೇಳುತ್ತದೋ ಎಂಬ ಅಳುಕು. ಹೊನ್ನಾವರದಿಂದ ಶರಾವತಿ ಸೇತುವೆ ದಾಟಿ ಕಾಸರಕೋಡಿನ ಮೇಲೆ ಬಂದರೆ ಅಪ್ಸರಕೊಂಡ. ಸಣ್ಣ ಜಲಪಾತ, ಅದರ ಬುಡದಲ್ಲಿ ಕೊಳ, ಪಾಂಡವರದ್ದೆಂದು ಹೇಳುವ ಗುಹೆಗಳು, ಉಮಾಮಹೇಶ್ವರ ದೇವಸ್ಥಾನ, ರಾಮಚಂದ್ರಾಪುರ ಮಠದ ಶಾಖೆ, ಗುಡ್ಡದ ನೆತ್ತಿಗೆ ಹೋದರೆ ಕಣ್ಣು ಹಾಯುವವರೆಗೂ ಸಮುದ್ರ. ಅಪ್ಸರೆಯರು ಇಳಿದು ಬಂದು ಈ ಕೊಳದಲ್ಲಿ ಮೀಯುತ್ತಿದ್ದರೆಂಬ ಪ್ರತೀತಿ. ಪ್ರವಾಸಿಗರು ಬರುವ ಮೊದಲಿನ ಬೆಳಗಿನಲ್ಲಿ ಇಲ್ಲಿ ಯಾರಿಗಾದರೂ ಬಾಯಿಬಿಟ್ಟು ಹಾಡಬೇಕು ಅನ್ನಿಸದಿದ್ದರೆ ಆಶ್ಚರ್ಯ.

ಆದರೆ ಮರಳಿ ಕಂಠ ತೆರೆಯುವವರಿಗೆ ಜಲಪಾತದ ಬುಡ ಒಳ್ಳೆಯ ಜಾಗವಲ್ಲ. ಬೀಳುವ ನೀರಿನ ಸದ್ದಿನಲ್ಲಿ ತಗ್ಗು, ಎತ್ತರದ ಎಲ್ಲ ಕಂಪನಗಳೂ ಒಟ್ಟಿಗೇ ಇರುತ್ತವೆ. ನಮ್ಮ ದನಿಯ ಸೂಕ್ಷ್ಮವನ್ನೆಲ್ಲ ಅದು ಮುಚ್ಚಿಬಿಡುತ್ತದೆ. ನಮ್ಮ ದನಿ ನಮಗೇ ಕೇಳಿಸದಿದ್ದಾಗ ಗೊತ್ತಿಲ್ಲದಂತೆ ಗಂಟಲು ಬಿಗಿದು ಜೋರು ಮಾಡುತ್ತೇವೆ. ಇದನ್ನು ಗುರುತಿಸಿ 1911ರಲ್ಲಿ ಪ್ರಕಟಿಸಿದವರು ಫ್ರೆಂಚ್ ವೈದ್ಯ ಎತಿಯೆನ್ ಲೊಂಬಾರ್. ಇಂದಿಗೂ ಅದಕ್ಕೆ ಅವರ ಹೆಸರೇ ಇದೆ. ಸಂತೆಯಲ್ಲಿ ನಾವೆಲ್ಲ ಕೂಗಿ ಮಾತಾಡುವುದೂ ಇದೇ ಕಾರಣಕ್ಕೆ. ವರ್ಷಗಟ್ಟಲೆ ಸುಮ್ಮನಿದ್ದ ಧ್ವನಿಪೆಟ್ಟಿಗೆ ಆ ಬಿಗಿತವನ್ನು ತಾಳುವುದಿಲ್ಲ. ಸಂಜೆಗೆ ದನಿ ಕೂರುತ್ತದೆ, ಇದು ನನ್ನಿಂದ ಆಗುವುದಿಲ್ಲ ಎಂದು ಮನಸ್ಸೂ ಕೂರುತ್ತದೆ. ನೆತ್ತಿಯ ಮೇಲಿನ ಸಮುದ್ರದ ಗಾಳಿಯಲ್ಲೂ ಅಷ್ಟೇ, ದನಿ ಹಾರಿಹೋಗುತ್ತದೆ. ಅಪ್ಸರಕೊಂಡಕ್ಕೆ ಖಂಡಿತ ಹೋಗಿ, ಆದರೆ ಕೇಳಿಸಿಕೊಳ್ಳಲು ಹೋಗಿ. ಹಾಡುವುದಕ್ಕೆ ಬಾಗಿಲು ಮುಚ್ಚಿದ ಒಂದು ಕೋಣೆ ಸಾಕು.

ಅಪ್ಸರೆಯರ ಮಾತು ಬಂದಲ್ಲಿ ಗಂಧರ್ವರು ದೂರವಿರುವುದಿಲ್ಲ. ಸಂಗೀತಕ್ಕೆ ಮರಳಿ ಬಂದವರ ಕತೆಗಳಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಒಬ್ಬ ಕನ್ನಡಿಗ ಗಂಧರ್ವರದ್ದು. ಬೆಳಗಾವಿ ಹತ್ತಿರದ ಸುಳೇಭಾವಿಯಲ್ಲಿ 1924ರ ಏಪ್ರಿಲ್ 8ರಂದು ಹುಟ್ಟಿದ ಶಿವಪುತ್ರ ಸಿದ್ಧರಾಮಯ್ಯ ಕೋಂಕಳಿಮಠ ಎಳವೆಯಲ್ಲೇ ದೊಡ್ಡ ಗಾಯಕರ ಧ್ವನಿಮುದ್ರಿಕೆಗಳನ್ನು ಕೇಳಿ ಹಾಗೆಯೇ ಹಾಡುತ್ತಿದ್ದ ಬಾಲಪ್ರತಿಭೆ. ಕುಮಾರ ಗಂಧರ್ವ ಎಂಬ ಹೆಸರು ಆಗಲೇ ಬಂತು. ಮುಂಬಯಿಯಲ್ಲಿ ಬಿ.ಆರ್. ದೇವಧರರ ಬಳಿ ಕಲಿತು, ಇಪ್ಪತ್ತು ದಾಟುವ ಹೊತ್ತಿಗೆ ದೇಶವೇ ತಿರುಗಿ ನೋಡುವ ಗಾಯಕರಾಗಿದ್ದರು. 1947ರಲ್ಲಿ ಮದುವೆ. ಅದರ ಬೆನ್ನಿಗೇ ಕ್ಷಯ. ಒಣ ಹವೆ ಬೇಕೆಂದು 1948ರಲ್ಲಿ ಮಾಳವದ ದೇವಾಸಕ್ಕೆ ಹೋದರು. ಹಾಡಲೇಬಾರದು ಎಂದರು ವೈದ್ಯರು.

ವರ್ಷಗಳ ಕಾಲ ಅವರು ಹಾಸಿಗೆಯಲ್ಲೇ ಇದ್ದರು. ಇಲ್ಲಿ ಸ್ವಲ್ಪ ನಿಂತು ಯೋಚಿಸಬೇಕು. ಹಾಡುವುದೇ ಬದುಕಾಗಿದ್ದವನಿಗೆ ಬಾಯಿ ತೆರೆಯಬೇಡ ಎಂದಾಗ ಉಳಿಯುವುದು ಏನು? ಉಳಿದದ್ದು ಕಿವಿ. ಕಿಟಕಿಯಾಚೆ ಮಾಳವದ ಹೆಂಗಸರು ಕೆಲಸ ಮಾಡುತ್ತಾ ಹಾಡುತ್ತಿದ್ದರು, ಭಿಕ್ಷೆಗೆ ಬಂದ ಸಾಧುಗಳು ನಿರ್ಗುಣ ಪದಗಳನ್ನು ಹೇಳುತ್ತಾ ಹೋಗುತ್ತಿದ್ದರು. ಇದನ್ನೆಲ್ಲ ಅವರು ಕೇಳುತ್ತಾ ಮಲಗಿದ್ದರು. ಸ್ಟ್ರೆಪ್ಟೊಮೈಸಿನ್ ಔಷಧಿ ಭಾರತಕ್ಕೂ ಬಂದು, ಪತ್ನಿ ಭಾನುಮತಿಯವರ ಆರೈಕೆಯಲ್ಲಿ ಮೇಲೆದ್ದು, 1953ರಲ್ಲಿ ಅವರು ಮತ್ತೆ ವೇದಿಕೆಗೆ ಬಂದಾಗ ಒಂದು ಶ್ವಾಸಕೋಶ ಕೆಲಸಕ್ಕೆ ಬಾರದಂತಾಗಿತ್ತು. ಮೊದಲಿನ ಹಾಗೆ ಹಾಡಲು ಆಗುವಂತಿರಲಿಲ್ಲ, ಅವರೂ ಹಾಗೆ ಹಾಡಲಿಲ್ಲ. ಚಿಕ್ಕ ಚಿಕ್ಕ ಸ್ವರಗುಚ್ಛಗಳು, ನಡುವೆ ಮೌನ, ಒಮ್ಮೆಲೇ ಮಿಂಚುವ ತಾರಸಪ್ತಕ. ಮಲಗಿ ಕೇಳಿದ ಜನಪದ ಧಾಟಿಗಳಿಂದ ಮಾಲವತಿ, ಲಗನಗಂಧಾರದಂಥ ಹೊಸ ರಾಗಗಳನ್ನು ಕಟ್ಟಿದರು. ಕಬೀರನ ನಿರ್ಗುಣ ಭಜನೆಗಳನ್ನು ಅವರು ಹಾಡಿದ ರೀತಿ ಮನೆಮಾತಾಯಿತು. 1990ರಲ್ಲಿ ಪದ್ಮವಿಭೂಷಣ ಬಂತು, 1992ರ ಜನವರಿ 12ರಂದು ದೇವಾಸದಲ್ಲೇ ತೀರಿಕೊಂಡರು.

ಉಸಿರು ಕಡಿಮೆಯಾದದ್ದರಿಂದಲೇ ಆ ಶೈಲಿ ಬಂತೆಂದು ಕೆಲವರು ಹೇಳುತ್ತಾರೆ. ನನಗೆ ಅದು ಅರ್ಧ ಮಾತು ಅನ್ನಿಸುತ್ತದೆ. ಉಸಿರು ಕಡಿಮೆಯಾದ ಗಾಯಕರು ಬೇಕಾದಷ್ಟು ಜನ ಇದ್ದಾರೆ, ಕುಮಾರ ಗಂಧರ್ವರು ಒಬ್ಬರೇ. ಹಾಸಿಗೆಯ ಮೇಲೆ ಅವರು ಕಳೆದ ವರ್ಷಗಳು ಕೇಳುವುದರಲ್ಲೇ ಕಳೆದವು. ಆ ಕೇಳ್ಮೆ ಉಳಿದ ಉಸಿರಿಗೆ ತಕ್ಕ ಹಾಡನ್ನು ಹುಡುಕಿಕೊಂಡಿತು. ಬಿಟ್ಟ ಜಾಗಕ್ಕೇ ಮರಳಬೇಕೆಂಬ ಹಟ ಅವರಲ್ಲಿ ಇರಲಿಲ್ಲ. ಅರವತ್ತರಲ್ಲಿ ಹಾಡಲು ಕೂತವರು ಹದಿನಾರರ ತಮ್ಮ ದನಿಯನ್ನು ಹುಡುಕುತ್ತಾ ಹೊರಡುತ್ತಾರೆ, ಅದು ಸಿಗದೆ ಸೋಲುತ್ತಾರೆ. ಅವರು ಈ ಗಂಧರ್ವನನ್ನು ನೆನಪಿಗೆ ತಂದುಕೊಳ್ಳಲಿ.

ಇನ್ನೊಬ್ಬರು ರಾಜೀವ ತಾರಾನಾಥ. ಪಂಡಿತ ತಾರಾನಾಥರ ಮಗ, 1932ರಲ್ಲಿ ಹುಟ್ಟಿದವರು. ಚಿಕ್ಕಂದಿನಿಂದ ಕಲಿತದ್ದು ಗಾಯನ, ಹುಡುಗನಾಗಿದ್ದಾಗಲೇ ಕಛೇರಿ ಕೊಟ್ಟವರು. ಆಮೇಲೆ ಅಲಿ ಅಕ್ಬರ್ ಖಾನರ ಸರೋದ್ ಕೇಳಿ ಹಾಡು ಬಿಟ್ಟು ಸರೋದ್ ಹಿಡಿದರು. ಜೊತೆಗೆ ಇಂಗ್ಲಿಷ್ ಸಾಹಿತ್ಯದಲ್ಲಿ ಡಾಕ್ಟರೇಟ್, ಕಾಲೇಜಿನಲ್ಲಿ ಪ್ರಾಧ್ಯಾಪಕ ವೃತ್ತಿ. ಕನ್ನಡ ವಿಮರ್ಶೆಯಲ್ಲಿ ಅವರದ್ದು ದೊಡ್ಡ ಹೆಸರು, ‘ಸಂಸ್ಕಾರ’ ಚಿತ್ರದ ಸಂಗೀತವೂ ಅವರದ್ದೇ. ಕೊನೆಗೆ ಇಂಗ್ಲಿಷ್ ವಿಭಾಗದ ಮುಖ್ಯಸ್ಥನ ಹುದ್ದೆ ಬಿಟ್ಟು ಪೂರ್ಣಾವಧಿ ಸರೋದ್‌ಗೇ ಕೂತರು. 1995ರಿಂದ 2005ರವರೆಗೆ ಕ್ಯಾಲಿಫೋರ್ನಿಯಾದ ಕಲಾ ಸಂಸ್ಥೆಯಲ್ಲಿ ಕಲಿಸಿದರು, 2019ರಲ್ಲಿ ಪದ್ಮಶ್ರೀ ಪಡೆದರು, 2024ರ ಜೂನ್‌ನಲ್ಲಿ ಮೈಸೂರಿನಲ್ಲಿ ನಿಧನರಾದರು. ಅವರ ಸರೋದ್ ಕೇಳಿದವರಿಗೆ ತಂತಿಯಲ್ಲಿ ಹಾಡುಗಾರನ ಉಸಿರು ಕೇಳಿಸದೆ ಇರುವುದಿಲ್ಲ. ಬಿಟ್ಟೆ ಎಂದುಕೊಂಡ ಗಾಯನ ಬೇರೊಂದು ವಾದ್ಯದಲ್ಲಿ ಬಂದು ಕೂತಿತ್ತು.

ಇವರೆಲ್ಲ ಮಹಾನುಭಾವರು, ನಮಗೂ ಅವರಿಗೂ ಎಲ್ಲಿಯ ಹೋಲಿಕೆ ಎಂದು ಯಾರಾದರೂ ಹೇಳಬಹುದು. ಸರಿ, ಪ್ರತಿಭೆಯಲ್ಲಿ ಹೋಲಿಕೆ ಬೇಡ. ಆದರೆ ಮಿದುಳು, ಗಂಟಲು ಕೆಲಸ ಮಾಡುವ ರೀತಿ ಎಲ್ಲರಿಗೂ ಒಂದೇ. ಹರ್ಮನ್ ಎಬ್ಬಿಂಗ್‌ಹೌಸ್ ಎಂಬ ಜರ್ಮನ್ ವಿದ್ವಾಂಸ ಅರ್ಥವಿಲ್ಲದ ಅಕ್ಷರಗುಚ್ಛಗಳನ್ನು ತಾನೇ ಬಾಯಿಪಾಠ ಮಾಡಿ, ಮರೆತು, ಮತ್ತೆ ಕಲಿತು ಲೆಕ್ಕ ಇಟ್ಟ. 1885ರಲ್ಲಿ ಪ್ರಕಟವಾದ ಅವನ ಗ್ರಂಥದ ಮುಖ್ಯ ಶೋಧಗಳಲ್ಲಿ ಒಂದು ಇದು: ಪೂರ್ತಿ ಮರೆತೇಹೋಯಿತು ಎಂದು ಕಂಡದ್ದನ್ನೂ ಎರಡನೆಯ ಬಾರಿ ಕಲಿಯಲು ಮೊದಲಿಗಿಂತ ಕಡಿಮೆ ಹೊತ್ತು ಸಾಕು. ನೆನಪಿಗೆ ಬಾರದಿದ್ದರೂ ಒಳಗೆ ಏನೋ ಉಳಿದಿರುತ್ತದೆ.

ಇದು ಬರೀ ಅಕ್ಷರಗಳ ಮಾತಾಯಿತು. ಸಂಗೀತದ ನೆನಪು ಇನ್ನೂ ಆಳದ್ದು. ಬ್ರಿಟನ್ನಿನ ಸಂಗೀತ ನಿರ್ದೇಶಕ ಕ್ಲೈವ್ ವೇರಿಂಗ್‌ಗೆ 1985ರಲ್ಲಿ ಮಿದುಳಿನ ಸೋಂಕು ತಗಲಿ ನೆನಪು ಅರ್ಧ ನಿಮಿಷವೂ ನಿಲ್ಲದ ಸ್ಥಿತಿ ಬಂತು. ಹೆಂಡತಿ ಕೋಣೆಯಿಂದ ಹೊರಹೋಗಿ ಬಂದರೆ ವರ್ಷಗಳ ನಂತರ ಕಂಡಂತೆ ಅಪ್ಪಿಕೊಳ್ಳುವರು. ಆದರೆ ಪಿಯಾನೋ ಮುಂದೆ ಕೂರಿಸಿದರೆ ಕೈ ತಾನಾಗಿ ನುಡಿಸುತ್ತಿತ್ತು, ಗಾಯನ ತಂಡವನ್ನೂ ನಡೆಸುತ್ತಿದ್ದರು. ನಡೆದದ್ದನ್ನು ನೆನಪಿಡುವ ದಾರಿ ಬೇರೆ, ಕೈ ಕಲಿತದ್ದನ್ನು ಇಟ್ಟುಕೊಳ್ಳುವ ದಾರಿ ಬೇರೆ. ನಮ್ಮ ಹಳ್ಳಿಯ ಮನೆಗಳಲ್ಲಿ ಮಕ್ಕಳ ಹೆಸರು ಮರೆತ ಅಜ್ಜಿಯರು ಶೋಭಾನೆ ಪದವನ್ನು ಸಾಲು ತಪ್ಪದೆ ಹೇಳುವುದನ್ನು ನಾವೇ ಕಂಡಿದ್ದೇವೆ.

ಗಂಟಲಿನ ಕತೆ ಬೇರೆ. ವಯಸ್ಸಾದಂತೆ ಧ್ವನಿಪೆಟ್ಟಿಗೆಯ ಮೃದ್ವಸ್ಥಿ ಗಟ್ಟಿಯಾಗುತ್ತದೆ, ಧ್ವನಿತಂತುಗಳ ಸ್ನಾಯು ತೆಳುವಾಗುತ್ತದೆ, ಉಸಿರಿನ ಧಾರಣೆ ಇಳಿಯುತ್ತದೆ. ಗಂಡಸರ ದನಿ ಸ್ವಲ್ಪ ಏರುವುದೂ, ಮುಟ್ಟು ನಿಂತ ಮೇಲೆ ಹೆಂಗಸರ ದನಿ ಇಳಿಯುವುದೂ ಸಹಜ. ಆದ್ದರಿಂದ ಮರಳಿ ಬಂದವರು ಮೊದಲು ಬದಲಾಯಿಸಬೇಕಾದದ್ದು ಶ್ರುತಿ. ಹುಡುಗಿಯಾಗಿದ್ದಾಗ ಪೇಟಿಯ ಕಪ್ಪು ಐದರಲ್ಲಿ ಹಾಡಿದವರು ಕಪ್ಪು ನಾಲ್ಕಕ್ಕೆ, ಬೇಕಿದ್ದರೆ ಬಿಳಿ ಐದಕ್ಕೆ ಇಳಿಯಲಿ. ಇದರಲ್ಲಿ ಸೋಲು ಏನೂ ಇಲ್ಲ. ಗಂಟಲಿನ ಶಸ್ತ್ರಚಿಕಿತ್ಸೆಯ ನಂತರ ಗಂಗೂಬಾಯಿ ಹಾನಗಲ್ಲರ ದನಿ ಗಂಡುದನಿಯಂತೆ ತಗ್ಗಿತು. ಅವರು ಆ ತಗ್ಗಿದ ದನಿಯಲ್ಲೇ ಕಿರಾಣಾ ಘರಾನೆಯ ಶಿಖರ ಮುಟ್ಟಿದರು.

ನಾನು ಹತ್ತಿರ ಕೂತು ನೋಡಿದ ಮರಳುವಿಕೆಯೊಂದನ್ನು ಹೇಳುತ್ತೇನೆ. ಕಾಸರಕೋಡು ಕಡೆಯ ನಮ್ಮ ಚಿಕ್ಕಮ್ಮ ಮದುವೆಗೆ ಮೊದಲು ಪ್ರವೇಶಿಕಾ ಮುಗಿಸಿದ್ದವಳು. ಮಕ್ಕಳೆಲ್ಲ ಬೆಂಗಳೂರು ಸೇರಿದ ಮೇಲೆ ತವರಿನಿಂದ ತನ್ನ ಪೇಟಿ ತರಿಸಿಕೊಂಡಳು. ಮೂರು ಸಾವಿರ ಮಿಲಿಮೀಟರ್‌ಗೂ ಮಿಕ್ಕಿ ಮಳೆ ಸುರಿಯುವ, ಉಪ್ಪುಗಾಳಿಯ ಈ ಸೀಮೆಯಲ್ಲಿ ಇಷ್ಟು ಕಾಲ ಮುಚ್ಚಿಟ್ಟ ಪೇಟಿ ಹೇಗಿರಬೇಕೋ ಹಾಗೇ ಇತ್ತು. ತಿದಿ ಒತ್ತಿದರೆ ಯಾವ ಸ್ವರದ ಮನೆಯನ್ನೂ ಮುಟ್ಟದೆಯೇ ಒಂದು ಸ್ವರ ಒಂದೇ ಸಮನೆ ಕೂಗುತ್ತಿತ್ತು, ಇನ್ನು ಕೆಲವು ಮನೆಗಳು ಒತ್ತಿದರೂ ಮೂಕ.

ರಿಪೇರಿಯವರು ಜಗುಲಿಯ ಮೇಲೆ ಹಳೇ ಪಂಚೆ ಹಾಸಿ ಒಂದೊಂದೇ ತಿರುಪು ಬಿಚ್ಚಿದರು. ಮೇಲಿನ ಹಲಗೆ ತೆಗೆದರೆ ಒಳಗೆ ಜಿರಳೆ ಮೊಟ್ಟೆ, ಒಣಗಿದ ಬೇವಿನ ಎಲೆ, ಪಾಟಿ ಕಡ್ಡಿಯ ಒಂದು ಚೂರು. ಮನೆಗಳ ಅಡಿಯ ಚರ್ಮದ ತುಂಡುಗಳು ಉಬ್ಬಿ ಗಾಳಿ ಸೋರುತ್ತಿತ್ತು, ಕೂಗುತ್ತಿದ್ದ ಸ್ವರಕ್ಕೆ ಅದೇ ಕಾರಣ. ಹಿತ್ತಾಳೆಯ ರೀಡುಗಳಿಗೆ ಹಸಿರು ಕಿಲುಬು ಹಿಡಿದಿತ್ತು. ಅವರು ರೀಡಿನ ನಾಲಗೆಯ ಕೆಳಗೆ ತೆಳು ಕಾಗದ ತೂರಿಸಿ, ಒಣ ಬ್ರಷ್‌ನಿಂದ ಉಜ್ಜಿ, ಬಾಯಲ್ಲಿ ಊದಿ ನೋಡುವರು. ಸ್ವರ ಇಳಿದಿದ್ದರೆ ನಾಲಗೆಯ ತುದಿಯನ್ನು ಒಂಚೂರು ಕೆರೆಯುವರು, ಏರಿದ್ದರೆ ಬುಡವನ್ನು. ತುದಿ ಹಗುರಾದರೆ ಕಂಪನ ಹೆಚ್ಚಿ ಸ್ವರ ಏರುತ್ತದೆ, ಬುಡ ತೆಳುವಾದರೆ ಬಿಗಿ ಸಡಿಲಿ ಇಳಿಯುತ್ತದೆ. ಕೂದಲೆಳೆಯಷ್ಟು ಹೆಚ್ಚು ಕೆರೆದರೆ ಆ ರೀಡು ಹಾಳು. ಮಧ್ಯಾಹ್ನದ ಊಟದ ಹೊತ್ತಿಗೆ ಪೇಟಿ ಪೂರ್ತಿ ಸುಮ್ಮನಾಯಿತು, ಮುಟ್ಟಿದರಷ್ಟೇ ಮಾತಾಡಿತು. ಚಿಕ್ಕಮ್ಮ ಕೈ ತೊಳೆದು ಬಂದು ಷಡ್ಜದ ಮನೆ ಒತ್ತಿದಳು.

ಆಮೇಲಿನ ದಿನಗಳು ಅವಳಿಗೆ ಸುಖದವಾಗಿರಲಿಲ್ಲ. ಭೂಪ ಹಾಡಲು ಕೂತರೆ ಗಾಂಧಾರ ಕೆಳಗೆ ಕೂರುತ್ತಿತ್ತು. ಹುಡುಗಿಯಾಗಿದ್ದಾಗ ಗುರುಗಳು ಹೇಳಿದ ಮೇಲಷ್ಟೇ ಗೊತ್ತಾಗುತ್ತಿದ್ದ ತಪ್ಪು ಈಗ ಬಾಯಿಂದ ಹೊರಡುತ್ತಲೇ ಅವಳ ಕಿವಿಗೆ ಚುಚ್ಚುತ್ತಿತ್ತು. ‘ಮೊದ್ಲು ಚೆನ್ನಾಗಿ ಹಾಡ್ತಿದ್ನಾ, ಈಗಲೇ ಹೀಗಾಯ್ತಾ?’ ಎಂದು ನನ್ನನ್ನೇ ಕೇಳಿದಳು. ನನ್ನ ತಿಳಿವಳಿಕೆಯಲ್ಲಿ ಎರಡೂ ಅಲ್ಲ. ಮೊದಲೂ ಗಾಂಧಾರ ಹಾಗೇ ಇದ್ದಿರಬಹುದು, ಕೇಳುವ ಕಿವಿ ಆಗ ಇರಲಿಲ್ಲ. ಒಲೆ ಮುಂದೆ ರೇಡಿಯೋ ಕೇಳುತ್ತಾ, ದೇವಸ್ಥಾನದ ಭಜನೆಗೆ ತಲೆದೂಗುತ್ತಾ, ಆಟದ ಭಾಗವತರನ್ನು ಮೆಚ್ಚುತ್ತಾ ತೆಗಳುತ್ತಾ ಕಳೆದ ವರ್ಷಗಳಲ್ಲಿ ಆ ಕಿವಿ ಪಳಗಿತು. ಗಂಟಲು ಮಾತ್ರ ಬಿಟ್ಟಲ್ಲೇ ನಿಂತಿತ್ತು. ಮರಳಿ ಬಂದವರಲ್ಲಿ ಅನೇಕರು ಮೊದಲ ತಿಂಗಳುಗಳಲ್ಲೇ ಮತ್ತೆ ಬಿಡುವುದು ಈ ಅಂತರವನ್ನು ತಾಳಲಾರದೆ. ತಾಳಿಕೊಂಡರೆ ಅದೇ ಕಿವಿ ಗುರುವಾಗುತ್ತದೆ. ಚಿಕ್ಕಮ್ಮ ರಾಗ ಬಿಟ್ಟು ಬರೀ ಷಡ್ಜ, ಪಂಚಮಗಳಿಗೆ ಕೂತಳು, ಆಮೇಲೆ ಅಲಂಕಾರ, ಆಮೇಲೆ ಭೂಪದ ಆರೋಹ, ಅವರೋಹ. ಗಾಂಧಾರ ನಿಧಾನಕ್ಕೆ ಎದ್ದು ನಿಂತಿತು.

ಅಂದಹಾಗೆ ಈ ಪೇಟಿಯೂ ಒಮ್ಮೆ ಬಿಡಲ್ಪಟ್ಟದ್ದೇ. ಪ್ಯಾರಿಸ್‌ನಲ್ಲಿ ಹುಟ್ಟಿ, ಕೋಲ್ಕತ್ತಾದಲ್ಲಿ ದ್ವಾರಕಾನಾಥ ಘೋಷರ ಕೈಯಲ್ಲಿ ನೆಲದ ಮೇಲೆ ಕೂತು ಒಂದು ಕೈಯಲ್ಲಿ ತಿದಿ ಒತ್ತುವ ಈಗಿನ ರೂಪ ಪಡೆದ ಈ ವಾದ್ಯವನ್ನು ಆಕಾಶವಾಣಿ 1940ರ ಮಾರ್ಚ್‌ನಲ್ಲಿ ತನ್ನ ಸ್ಟುಡಿಯೋಗಳಿಂದ ಹೊರಹಾಕಿತು. ಮೀಂಡು ಬರುವುದಿಲ್ಲ, ಶ್ರುತಿಗಳ ಸೂಕ್ಷ್ಮ ಇಲ್ಲ ಎಂಬುದು ಆಕ್ಷೇಪ. 1971ರಲ್ಲಿ ನಿರ್ಬಂಧ ಸಡಿಲವಾಯಿತು. ಆಕ್ಷೇಪದಲ್ಲಿ ಸತ್ಯ ಇಲ್ಲದಿಲ್ಲ. ಒಂಟಿಯಾಗಿ ಅಭ್ಯಾಸ ಮಾಡುವವರು ಪ್ರತಿ ಸ್ವರವನ್ನೂ ಪೇಟಿಯ ಮೇಲೆ ಒತ್ತಿ ಅದರ ಹಿಂದೆ ಹಾಡುವುದಕ್ಕಿಂತ ತಂಬೂರಿ ಇಟ್ಟುಕೊಂಡು ಸ್ವರವನ್ನು ತಾವೇ ಹುಡುಕುವುದು ಒಳ್ಳೆಯದು. ಮಿರಜದ ತಂಬೂರಿ ತರಿಸಿ ನಮ್ಮ ಮಳೆಗಾಲದಲ್ಲಿ ಕಾಪಾಡುವುದು ಕಷ್ಟವಾದರೆ ಎಲೆಕ್ಟ್ರಾನಿಕ್ ತಂಬೂರಿ ಇದೆ. ಅದನ್ನು ದೇಶದ ಮನೆಮನೆಗೆ ಮುಟ್ಟಿಸಿದವರಲ್ಲಿ ಮೊದಲಿಗರು ಬೆಂಗಳೂರಿನ ಕೊಳಲುವಾದಕ, ಎಂಜಿನಿಯರ್ ಜಿ. ರಾಜನಾರಾಯಣ್. ಮೊಬೈಲಿನ ತಂಬೂರಿಯೂ ನಡೆಯುತ್ತದೆ, ಸ್ಪೀಕರ್ ಮಾತ್ರ ಸ್ವಲ್ಪ ಒಳ್ಳೆಯದಿರಲಿ.

ಒಬ್ಬರೇ ಕೂತು ಮಾಡುವ ಅಭ್ಯಾಸಕ್ಕೆ ಒಂದು ಮಿತಿ ಇದೆ, ಜೊತೆ ಬೇಕು. ಈ ವಿಷಯದಲ್ಲಿ ನಮ್ಮ ಸೀಮೆ ಪುಣ್ಯ ಮಾಡಿದೆ. ಜೂನ್ ಒಂದಕ್ಕೆ ಯಾಂತ್ರಿಕ ದೋಣಿಗಳು ದಡಕ್ಕೆ ಬರುತ್ತವೆ, ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ. ಮಳೆ ಹಿಡಿದ ಈ ತಿಂಗಳುಗಳಲ್ಲಿ ತಾಳಮದ್ದಳೆ ಕೂಟಗಳು, ಶ್ರಾವಣದ ಭಜನೆಗಳು ಶುರುವಾಗುತ್ತವೆ. ಕರಾವಳಿಯ ದೇವಸ್ಥಾನಗಳಲ್ಲಿ ಭಜನಾ ಸಪ್ತಾಹವೆಂದರೆ ಏಳು ಹಗಲು ಏಳು ರಾತ್ರಿ ತಾಳ ನಿಲ್ಲಬಾರದು. ಪಾಳಿಯ ಮೇಲೆ ಜನ ಬಂದು ಕೂರುತ್ತಾರೆ, ಕನ್ನಡದ ದಾಸರ ಪದ, ಕೊಂಕಣಿ, ಮರಾಠಿಯ ಅಭಂಗ ಒಂದರ ಹಿಂದೆ ಒಂದು ಬರುತ್ತವೆ. ರಾತ್ರಿ ಎರಡು ಗಂಟೆಯ ಪಾಳಿಗೆ ಬಂದವನ ದನಿ ಹೇಗಿದೆ ಎಂದು ಯಾರೂ ಕೇಳುವುದಿಲ್ಲ, ಬಂದನಲ್ಲ ಎಂಬುದೇ ದೊಡ್ಡದು. ಬಹಳ ವರ್ಷ ಬಿಟ್ಟು ಬಂದವನಿಗೆ ಇದಕ್ಕಿಂತ ಸುರಕ್ಷಿತ ವೇದಿಕೆ ಎಲ್ಲಿ ಸಿಗಬೇಕು?

ಅಪ್ಸರಕೊಂಡದಿಂದ ಹೆದ್ದಾರಿಗೆ ಬಂದು ಭಟ್ಕಳದ ಕಡೆ ಹೊರಟರೆ ಗುಣವಂತೆ. ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಕಟ್ಟಿದ ಇಡಗುಂಜಿ ಮೇಳದ ನೆಲೆ, ಅವರ ಮಗ ಶಂಭು ಹೆಗಡೆಯವರು ಸ್ಥಾಪಿಸಿದ ಶ್ರೀಮಯ ಯಕ್ಷಗಾನ ಕಲಾಕೇಂದ್ರ ಇರುವ ಊರು. ಶಂಭು ಹೆಗಡೆಯವರು 2009ರ ಫೆಬ್ರವರಿಯಲ್ಲಿ ಇಡಗುಂಜಿಯ ಜಾತ್ರೆಯ ಆಟದಲ್ಲಿ ರಾಮನ ವೇಷದಲ್ಲಿ ಕುಣಿದ ರಾತ್ರಿಯೇ ಕೊನೆಯುಸಿರೆಳೆದರು. ಆ ಮೇಳದಲ್ಲಿ ದಶಕಗಳ ಕಾಲ ಹಾಡಿದ ನೆಬ್ಬೂರು ನಾರಾಯಣ ಭಾಗವತರ ತುಂಬು ದನಿ ಇನ್ನೂ ನಮ್ಮ ಕಿವಿಯಲ್ಲಿದೆ. ಹರೆಯದಲ್ಲಿ ಭಾಗವತಿಕೆ ಕಲಿತು ಬ್ಯಾಂಕು, ಶಾಲೆಗಳ ಕೆಲಸಕ್ಕೆ ಹೋದವರು ನಿವೃತ್ತಿಯ ನಂತರ ತಾಳಮದ್ದಳೆಗಳಲ್ಲಿ ತಾಳ ಹಿಡಿದು ಕೂರುವುದನ್ನು ಈ ಭಾಗದಲ್ಲಿ ಕಾಣಬಹುದು. ಮೊದಲು ಶ್ರುತಿ, ಆಮೇಲೆ ಎರಡು ಪದ್ಯ, ಆಮೇಲೆ ಒಂದು ಪ್ರಸಂಗದ ಒಂದು ಭಾಗ. ಈ ಮೆಟ್ಟಿಲು ಯಾರೂ ಬರೆದಿಟ್ಟದ್ದಲ್ಲ, ಆದರೂ ಎಲ್ಲ ಕಡೆ ನಡೆಯುತ್ತದೆ.

ಇಷ್ಟು ಹೇಳಿದ ಮೇಲೂ ಒಂದು ಮಾತು ಉಳಿಯುತ್ತದೆ, ನನಗೆ ಅದೇ ಹೆಚ್ಚು ನೋವಿನದು. ಮೆತ್ತಿನ ಮೇಲಿನ ಪೇಟಿಗಳಲ್ಲಿ ಹೆಚ್ಚಿನವು ಹೆಂಗಸರದ್ದು. ಗಂಡು ಹುಡುಗ ಸಂಗೀತ ಬಿಟ್ಟದ್ದು ಓದಿಗೋ ಕೆಲಸಕ್ಕೋ. ಹೆಣ್ಣುಮಗಳು ಬಿಟ್ಟದ್ದು ಹೋದ ಮನೆಯಲ್ಲಿ ಅದಕ್ಕೆ ಹೊತ್ತೂ ಇಲ್ಲ ಜಾಗವೂ ಇಲ್ಲ ಎಂದು. ಹೆಣ್ಣು ನೋಡಲು ಬಂದಾಗ ಹಾಡಿಸಿದವರೇ ಮದುವೆಯ ನಂತರ ಹಾಡು ಎನ್ನಲಿಲ್ಲ. ಗಂಗೂಬಾಯಿಯವರ ತಾಯಿ ಅಂಬಾಬಾಯಿ ಕರ್ನಾಟಕ ಸಂಗೀತದ ಒಳ್ಳೆಯ ಗಾಯಕಿ. ಮಗಳ ಹಿಂದೂಸ್ತಾನಿ ಕಲಿಕೆಗೆ ತನ್ನ ಹಾಡು ಅಡ್ಡ ಬರಬಾರದೆಂದು ಅವರು ತಾವೇ ಹಾಡುವುದನ್ನು ನಿಲ್ಲಿಸಿದರು. ಆ ತ್ಯಾಗದ ಫಲವಾಗಿ ನಾಡಿಗೆ ಗಂಗೂಬಾಯಿ ದೊರೆತರು ಎಂದು ನಾವು ಕೈಮುಗಿಯುತ್ತೇವೆ. 1932ರಲ್ಲಿ ತೀರಿಕೊಂಡ ಅಂಬಾಬಾಯಿಗೆ ಮರಳಿ ಹಾಡುವ ಕಾಲ ಬರಲೇ ಇಲ್ಲ ಎಂಬುದನ್ನೂ ನೆನೆಯಬೇಕು.

ಕೆಲವು ಹಾಡುಗಳನ್ನು ಒಬ್ಬೊಬ್ಬರಲ್ಲ, ಊರಿಗೆ ಊರೇ ಬಿಟ್ಟಿದೆ. ಗದ್ದೆ ಹಡಿಲು ಬಿದ್ದಲ್ಲಿ ನಾಟಿಯ ಪದ ನಿಂತಿತು, ಭತ್ತದ ಗಿರಣಿ ಬಂದ ಮೇಲೆ ಕುಟ್ಟುವ ಪದ ನಿಂತಿತು. ಕುಮಟಾದ ಎಲ್.ಆರ್. ಹೆಗಡೆ, ಹೊನ್ನಾವರದ ಎನ್.ಆರ್. ನಾಯಕ, ಶಾಂತಿ ನಾಯಕ ಇವರು ಊರೂರು ತಿರುಗಿ ಬರೆದಿಟ್ಟುಕೊಳ್ಳದಿದ್ದರೆ ಆ ಪದಗಳಲ್ಲಿ ಎಷ್ಟೋ ಇಂದು ಕಾಗದದ ಮೇಲೂ ಇರುತ್ತಿರಲಿಲ್ಲ. ಅಂಕೋಲೆಯ ಬಡಗೇರಿಯ ಸುಕ್ರಿ ಬೊಮ್ಮಗೌಡ ಹಾಲಕ್ಕಿಗಳ ನೂರಾರು ಪದಗಳನ್ನು ನೆನಪಿನಲ್ಲೇ ಇಟ್ಟುಕೊಂಡು ಕೊನೆಯವರೆಗೂ ಹಾಡಿದರು, ಕಲಿಸಿದರು. ಅವರಿಗೆ 2017ರಲ್ಲಿ ಪದ್ಮಶ್ರೀ ಬಂತು, 2025ರಲ್ಲಿ ಅವರು ತೀರಿಕೊಂಡರು. ಅವರಿಂದ ಕಲಿತ ಹೆಣ್ಣುಮಕ್ಕಳು ಹಾಡುವುದನ್ನು ಮುಂದುವರಿಸಿದರಷ್ಟೇ ಈ ಪದಗಳು ಉಳಿಯುತ್ತವೆ.

ಸಂಗೀತ ಕಲಿಸುವವರಲ್ಲಿ ನನ್ನದೊಂದು ವಿನಂತಿ ಇದೆ. ವಯಸ್ಸಾದವರು ಕಲಿಯಲು ಬಂದರೆ ಇನ್ನು ನಿಮಗೆ ಯಾಕೆ ಎನ್ನಬೇಡಿ. ಮಕ್ಕಳ ತರಗತಿಯ ಹಿಂದೆಯೂ ಕೂರಿಸಬೇಡಿ, ಅವರ ಕಿವಿ ಮುಂದಿದೆ, ಗಂಟಲು ಹಿಂದಿದೆ, ಅವರಿಗೆ ಪಾಠವೇ ಬೇರೆ ಬೇಕು. ಪರೀಕ್ಷೆಗೆ ಕೂರಿ ಎಂದು ಒತ್ತಾಯವೂ ಬೇಡ.

ಮನೆಯವರಲ್ಲಿ ಇನ್ನೊಂದು ವಿನಂತಿ. ನಿಮ್ಮ ಮನೆಯಲ್ಲಿ ಅಮ್ಮನೋ ಅತ್ತೆಯೋ ಅಜ್ಜನೋ ಒಮ್ಮೆ ಹಾಡುತ್ತಿದ್ದರು ಎಂದು ನಿಮಗೆ ಗೊತ್ತಿದ್ದರೆ ಮಳೆಗಾಲ ಹಿಡಿಯುವ ಮೊದಲು ಪೇಟಿಯನ್ನು ಮೆತ್ತಿನಿಂದ ಇಳಿಸಿ, ಬಿಸಿಲಿಗಲ್ಲ, ನೆರಳಿನ ಗಾಳಿಗೆ ಇಟ್ಟು, ರಿಪೇರಿಯವರಿಗೆ ತೋರಿಸಿ. ದಿನಕ್ಕೆ ಅರ್ಧ ಗಂಟೆ ಒಂದು ಕೋಣೆಯ ಬಾಗಿಲು ಅವರ ಪಾಲಿಗೆ ಮುಚ್ಚಿರಲಿ. ಅದು ಸಂಜೆಯ ಹೊತ್ತಾದರೆ ಆ ಅರ್ಧ ಗಂಟೆ ಒಲೆಯ ಮುಂದೆ ನೀವು ನಿಲ್ಲಿ.